ಅಹವಾಲು ಕೇಳಿದ್ದಾಯಿತು, ಉತ್ತರವೆಲ್ಲಿ?

ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯ 1,777 ಎಕರೆ ಜಮೀನಿನ ಸ್ವಾಧೀನವನ್ನು ಕೈಬಿಡುವ ತೀರ್ಮಾನವನ್ನು ಮುಖ್ಯಮಂತ್ರಿ ಸಿದ್ದರಾಮಯ್ಯನವರು 2025ರ ಜುಲೈ 15ರಂದು ಪ್ರಕಟಿಸಿದಾಗ ಅಲ್ಲಿನ ರೈತರ ಧರಣಿ 1,198 ದಿನಗಳನ್ನು ಪೂರೈಸಿತ್ತು. ಮರುದಿನದ ಚರ್ಚೆಯೆಲ್ಲ ಗೆದ್ದವರು ಯಾರು, ಸೋತವರು ಯಾರು ಎಂಬುದರ ಸುತ್ತಲೇ ನಡೆಯಿತು. ಏರೋಸ್ಪೇಸ್ ಉದ್ಯಮ ರಾಜ್ಯ ಬಿಟ್ಟು ಹೋದೀತೆಂಬ ಆತಂಕ ಕೆಲವರದು; ನೆರೆಯ ಆಂಧ್ರಪ್ರದೇಶದ ಸಚಿವರೊಬ್ಬರು ಉದ್ಯಮಿಗಳಿಗೆ ಬಹಿರಂಗ ಆಹ್ವಾನವನ್ನೂ ಕೊಟ್ಟರು. ಭೂಮಿಯ ಬೆಲೆ, ಉದ್ಯೋಗದ ಲೆಕ್ಕ, ರಾಜಕೀಯ ಲಾಭನಷ್ಟ ಇವೆಲ್ಲ ಚರ್ಚೆಯಾಗಬೇಕಾದ ವಿಷಯಗಳೇ. ಆದರೆ ನನ್ನನ್ನು ಕಾಡಿದ ಪ್ರಶ್ನೆ ಬೇರೆ. ಮೊದಲ ದಿನ ಸರ್ಕಾರಕ್ಕೆ ಗೊತ್ತಿರದಿದ್ದ ಯಾವ ಹೊಸ ಸಂಗತಿ 1,198ನೆಯ ದಿನ ಗೊತ್ತಾಯಿತು?

ನೆಲ ಫಲವತ್ತಾದದ್ದು, ಹಿಡುವಳಿಗಳು ಚಿಕ್ಕವು, ಜೀವನಾಧಾರ ಅದೊಂದೇ, ಮಾರಲು ತಮಗೆ ಮನಸ್ಸಿಲ್ಲ: ರೈತರು ಕೊನೆಯ ದಿನ ಹೇಳಿದ್ದೂ ಇದನ್ನೇ, ಮೊದಲ ದಿನ ಹೇಳಿದ್ದೂ ಇದನ್ನೇ. ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಅಧಿನಿಯಮ 1966ರ 28ನೆಯ ಪ್ರಕರಣದಲ್ಲಿ ಜಮೀನಿನ ಮಾಲೀಕನಿಗೆ ನೋಟಿಸು ಕೊಡಬೇಕು, ಅವನ ಆಕ್ಷೇಪಣೆಯನ್ನು ಆಲಿಸಬೇಕು, ಆನಂತರವಷ್ಟೇ ಆದೇಶ ಮಾಡಬೇಕು ಎಂದು ಸ್ಪಷ್ಟವಾಗಿ ಬರೆದಿದೆ. ಅಂದರೆ ಮಾತನ್ನು ಕೇಳಿಸಿಕೊಳ್ಳಲು ಕಾನೂನಿನಲ್ಲೇ ಒಂದು ಜಾಗವಿದೆ. ಹೀಗಿದ್ದೂ ಮೂರೂಕಾಲು ವರ್ಷ ಬಯಲಲ್ಲಿ ಕೂರದೆ ಆ ಮಾತು ತಲುಪಬೇಕಾದಲ್ಲಿಗೆ ತಲುಪಲಿಲ್ಲವೆಂದರೆ, ಕೊರತೆ ಮಾತಾಡಿದವರದೋ ಕೇಳಬೇಕಾದವರದೋ?

ಸಾರ್ವಜನಿಕ ಮಾತುಕತೆಯ ನೀತಿ ಎಂದೊಡನೆ ನಮಗೆ ನೆನಪಾಗುವುದು ಮಾತಾಡುವವನ ನೀತಿ. ಸುಳ್ಳು ಹೇಳಬಾರದು, ಕಟುವಾಗಿ ನುಡಿಯಬಾರದು, ವೈಯಕ್ತಿಕ ನಿಂದೆಗೆ ಇಳಿಯಬಾರದು. ದೂರದರ್ಶನ ವಾಹಿನಿಗಳ ರಾತ್ರಿ ಚರ್ಚೆಗಳನ್ನೂ ಶಾಸನಸಭೆಯ ಗದ್ದಲವನ್ನೂ ಕಂಡು ಬೇಸತ್ತವರು ಈ ನೀತಿಯ ಬಗ್ಗೆ ಸಾಕಷ್ಟು ಬರೆದಿದ್ದಾರೆ, ಬರೆಯುತ್ತಲೂ ಇದ್ದಾರೆ. ಅದು ತಪ್ಪಲ್ಲ. ಆದರೆ ಕೇಳುವವನಿಗೂ ಒಂದು ನೀತಿ ಇದೆ, ಕೇಳುವವನ ಕೈಯಲ್ಲಿ ಅಧಿಕಾರವಿದ್ದಾಗಲಂತೂ ಅದು ಹೆಚ್ಚು ಬಿಗಿಯಾಗಬೇಕು ಎಂಬುದರ ಬಗ್ಗೆ ನಮ್ಮಲ್ಲಿ ವಿವೇಚನೆ ತೀರ ಕಡಿಮೆ. ಮೂರು ದಶಕಗಳಿಗೂ ಹೆಚ್ಚು ಕಾಲ ಸರ್ಕಾರಿ ಮೇಜಿನ ಈಚೆ ಬದಿಯಲ್ಲಿ ಕುಳಿತಿದ್ದವನಾಗಿ ನನ್ನ ಆಸಕ್ತಿ ಇರುವುದು ಈ ಎರಡನೆಯದರಲ್ಲಿ.

ಈ ವಿವೇಚನೆ ನಮ್ಮ ನೆಲಕ್ಕೆ ಹೊಸದೇನೂ ಅಲ್ಲ. ಕಲಬುರಗಿ ಜಿಲ್ಲೆಯಲ್ಲಿ ಭೀಮಾ ನದಿಯ ದಂಡೆಯ ಸನ್ನತಿಯ ಚಂದ್ರಲಾಂಬಾ ದೇವಾಲಯದ ಆವರಣದಲ್ಲಿ 1980ರ ದಶಕದ ಕೊನೆ ಭಾಗದಲ್ಲಿ ಒಂದು ಕಲ್ಲು ಬೆಳಕಿಗೆ ಬಂತು. ದೇವರ ವಿಗ್ರಹಕ್ಕೆ ಪೀಠವಾಗಿ ಬಳಕೆಯಾಗಿದ್ದ ಆ ಚಪ್ಪಡಿಯ ಮೇಲೆ ಅಶೋಕನ ಶಾಸನಗಳಿದ್ದವು. ಮಸ್ಕಿ, ಬ್ರಹ್ಮಗಿರಿ, ಕೊಪ್ಪಳಗಳಲ್ಲಿ ದೊರೆತ ಕಿರುಶಾಸನಗಳಂತಲ್ಲದೆ ಇದರಲ್ಲಿ ಇರುವುದು ಹನ್ನೆರಡನೆಯ ಮತ್ತು ಹದಿನಾಲ್ಕನೆಯ ಬಂಡೆಗಲ್ಲು ಶಾಸನಗಳ ಭಾಗಗಳು, ಜೊತೆಗೆ ಪ್ರತ್ಯೇಕ ಶಾಸನಗಳೆಂದು ವಿದ್ವಾಂಸರು ಕರೆಯುವ ಎರಡು ಪಾಠಗಳು. ಹನ್ನೆರಡನೆಯದು ವಾಕ್ ಸಂಯಮದ ಶಾಸನವೆಂದೇ ಪ್ರಸಿದ್ಧ. ತನ್ನ ಪಂಥವನ್ನು ಹೊಗಳುವ ಭರದಲ್ಲಿ ಇತರರದನ್ನು ಹಳಿಯಬಾರದು ಎಂಬಷ್ಟಕ್ಕೇ ಅದು ನಿಲ್ಲುವುದಿಲ್ಲ; ಒಬ್ಬರ ಧರ್ಮವನ್ನು ಇನ್ನೊಬ್ಬರು ಕಿವಿಗೊಟ್ಟು ಕೇಳಬೇಕು, ಕೇಳುವ ಇಚ್ಛೆಯೂ ಇರಬೇಕು ಎಂಬುದು ಅದರ ಆಶಯ.

ಶಾಲಾ ಪಠ್ಯಗಳಲ್ಲಿ ಈ ಹನ್ನೆರಡನೆಯ ಶಾಸನಕ್ಕೆ ಹೇಗೋ ಒಂದು ಸ್ಥಾನ ಸಿಕ್ಕಿದೆ. ಪ್ರತ್ಯೇಕ ಶಾಸನದ ಪ್ರಸ್ತಾಪ ಎಲ್ಲಿಯೂ ಕಾಣದು. ಅದು ಅಧಿಕಾರಿಗಳನ್ನು, ಅಂದರೆ ಮಹಾಮಾತ್ರರನ್ನು, ಉದ್ದೇಶಿಸಿ ಬರೆಸಿದ್ದು. ಅಸೂಯೆ, ಕೋಪ, ಕ್ರೌರ್ಯ, ಆತುರ, ಆಲಸ್ಯ, ದಣಿವು ಇವು ಇದ್ದಲ್ಲಿ ನ್ಯಾಯವಾಗಿ ನಡೆದುಕೊಳ್ಳುವುದು ಸಾಧ್ಯವಿಲ್ಲ, ಆದ್ದರಿಂದ ಇವುಗಳಿಂದ ದೂರವಿರಿ ಎಂದು ಅರಸ ತನ್ನ ನೌಕರರಿಗೆ ಹೇಳುತ್ತಾನೆ. ಆ ಪಟ್ಟಿಯಲ್ಲಿ ದಣಿವನ್ನೂ ಸೇರಿಸಿದವನಿಗೆ ಆಡಳಿತದ ಅನುಭವ ಚೆನ್ನಾಗಿಯೇ ಇದ್ದಿರಬೇಕು. ಸಂಜೆ ಐದೂವರೆಗೆ ಬಂದ ಅರ್ಜಿದಾರನಿಗೆ ಬೆಳಿಗ್ಗೆ ಹತ್ತೂವರೆಗೆ ಬಂದವನಿಗೆ ಸಿಕ್ಕ ಕಿವಿ ಸಿಗುವುದಿಲ್ಲ ಎಂಬುದು ಯಾವ ತಾಲ್ಲೂಕು ಕಚೇರಿಯಲ್ಲಿ ಕುಳಿತವನಿಗಾದರೂ ಗೊತ್ತು. ಇನ್ನೊಂದು ಸಂಗತಿ ಗಮನಾರ್ಹ. ಈ ಆದೇಶವನ್ನು ತಿಷ್ಯ ನಕ್ಷತ್ರದ ದಿನಗಳಂದು ಓದಿ ಕೇಳಿಸಬೇಕೆಂದೂ ಅದೇ ಶಾಸನದಲ್ಲಿ ವಿಧಿಸಲಾಗಿದೆ. ಅಧಿಕಾರಿಯ ನಡವಳಿಕೆಗೆ ಅರಸ ಹಾಕಿದ ಕಟ್ಟುಪಾಡು ಬರಿಯ ಆಂತರಿಕ ಸುತ್ತೋಲೆಯಾಗಿ ಕಡತದೊಳಗೆ ಉಳಿಯಲಿಲ್ಲ.

ಅಲ್ಲಿಂದ ಎರಡು ಸಾವಿರ ವರ್ಷ ಈಚೆಗೆ ಬಂದರೆ ಮೈಸೂರು ಪ್ರಜಾಪ್ರತಿನಿಧಿ ಸಭೆ ಸಿಗುತ್ತದೆ. ದಿವಾನ್ ರಂಗಾಚಾರ್ಲು ಅವರ ಕಾಲದಲ್ಲಿ, 1881ರ ಅಕ್ಟೋಬರ್ 7ರಂದು, ದಸರಾ ಸಂದರ್ಭದಲ್ಲಿ 144 ಸದಸ್ಯರೊಂದಿಗೆ ಅದು ಮೊದಲ ಬಾರಿಗೆ ಸೇರಿತು. ಜಮೀನ್ದಾರರು ಮತ್ತು ವರ್ತಕರೇ ತುಂಬಿದ್ದ ಆ ಸಭೆಯನ್ನು ಪ್ರಜಾಪ್ರಭುತ್ವವೆಂದು ಕರೆಯುವುದು ಉತ್ಪ್ರೇಕ್ಷೆ. ಅದಕ್ಕೆ ಕಾನೂನು ಮಾಡುವ ಅಧಿಕಾರ ಇರಲಿಲ್ಲ, ಆಯವ್ಯಯಕ್ಕೆ ಮತ ಹಾಕುವ ಹಕ್ಕೂ ಮೊದಲಿಗೆ ಇರಲಿಲ್ಲ. ದಿವಾನರು ವರ್ಷದ ಆಡಳಿತದ ವರದಿ ಓದಬೇಕು, ಸದಸ್ಯರು ತಮ್ಮ ತಮ್ಮ ಕಡೆಯ ಅಹವಾಲುಗಳನ್ನು ಮಂಡಿಸಬೇಕು, ಸರ್ಕಾರ ಅವಕ್ಕೆ ಸಮಜಾಯಿಷಿ ನೀಡಬೇಕು, ಅಷ್ಟೇ. ಕೆರೆಯ ಏರಿ, ಕಂದಾಯದ ಕಂತು, ಕಾಡಿನ ಸೌದೆ ಇಂಥ ಸಣ್ಣಪುಟ್ಟ ವಿಷಯಗಳಿಗೇ ಅಲ್ಲಿ ಹೆಚ್ಚು ಸಮಯ ಹೋಗುತ್ತಿತ್ತು. ಹೀಗಿದ್ದೂ ಅಧಿಕಾರವಿಲ್ಲದ ಆ ಸಭೆಗೆ ಇಂದಿನ ಅಧಿಕಾರಯುತ ವ್ಯವಸ್ಥೆಯಲ್ಲಿ ಕಾಣದ ಒಂದು ಗುಣವಿತ್ತು: ಉತ್ತರಿಸಬೇಕಾದ ವ್ಯಕ್ತಿ ಪ್ರಶ್ನೆ ಕೇಳಿದವನ ಎದುರಿಗೇ ಕುಳಿತಿರುತ್ತಿದ್ದ.

ಇಂದಿನ ವ್ಯವಸ್ಥೆಯನ್ನು ಕೊಂಚ ಬಿಡಿಸಿ ನೋಡೋಣ. 1894ರ ಭೂಸ್ವಾಧೀನ ಕಾಯ್ದೆಯಲ್ಲಿ ಆಕ್ಷೇಪಣೆ ಆಲಿಸುವ ವಿಧಿ ಮೊದಲಿಗೆ ಇರಲೇ ಇಲ್ಲ. 1923ರ ತಿದ್ದುಪಡಿಯ ಮೂಲಕ 5ಎ ಪ್ರಕರಣವಾಗಿ ಅದು ಸೇರಿತು. ಈ ವಿಚಾರಣೆ ಬರಿಯ ಔಪಚಾರಿಕತೆ ಆಗಕೂಡದು, ಸರ್ಕಾರ ಮನಸ್ಸಿಟ್ಟು ಪರಿಶೀಲಿಸಿರುವುದು ದಾಖಲೆಯಲ್ಲಿ ಕಾಣಬೇಕು ಎಂದು ಸುಪ್ರೀಂ ಕೋರ್ಟ್ 2005ರಲ್ಲಿ ಹಿಂದೂಸ್ತಾನ್ ಪೆಟ್ರೋಲಿಯಂ ನಿಗಮದ ಪ್ರಕರಣವೊಂದರಲ್ಲಿ ಹೇಳಬೇಕಾಯಿತು. ಕಾಯ್ದೆಯೊಳಗೆ ಆ ವಿಧಿ ಬಂದು ಎಂಬತ್ತು ವರ್ಷ ಕಳೆದ ಮೇಲೂ ನ್ಯಾಯಾಲಯ ಈ ಮಾತನ್ನು ಹೇಳಬೇಕಾಯಿತೆಂದರೆ ವಾಡಿಕೆ ಹೇಗಿತ್ತೆಂಬುದನ್ನು ಓದುಗರು ಊಹಿಸಿಕೊಳ್ಳಬಹುದು.

ಪರಿಸರ ಅನುಮತಿಯ ವಿಷಯ ಇನ್ನೂ ಕುತೂಹಲಕರ. 2006ರ ಸೆಪ್ಟೆಂಬರ್ 14ರ ಕೇಂದ್ರ ಅಧಿಸೂಚನೆಯಂತೆ ದೊಡ್ಡ ಯೋಜನೆಗಳಿಗೆ ಸಾರ್ವಜನಿಕ ಅಹವಾಲು ಸಭೆ ನಡೆಸಬೇಕು. ಅದನ್ನು ಏರ್ಪಡಿಸುವುದು ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿ. ಅಧ್ಯಕ್ಷತೆ ಜಿಲ್ಲಾ ದಂಡಾಧಿಕಾರಿಯದು ಅಥವಾ ಹೆಚ್ಚುವರಿ ಜಿಲ್ಲಾ ದಂಡಾಧಿಕಾರಿಗಿಂತ ಕೆಳಗಿನವರಲ್ಲದ ಅವರ ಪ್ರತಿನಿಧಿಯದು. ಮೂವತ್ತು ದಿನಗಳ ಮುನ್ಸೂಚನೆ ಕೊಡಬೇಕು, ಕಲಾಪವನ್ನು ವಿಡಿಯೋದಲ್ಲಿ ಚಿತ್ರೀಕರಿಸಬೇಕು, ಕೊನೆಯಲ್ಲಿ ಕಲಾಪದ ಸಾರಾಂಶವನ್ನು ಸ್ಥಳೀಯ ಭಾಷೆಯಲ್ಲಿ ಸಭೆಗೆ ಓದಿ ಹೇಳಬೇಕು. ಕಾಗದದ ಮೇಲೆ ಇದು ಅತ್ಯುತ್ತಮ ವ್ಯವಸ್ಥೆ. ಆದರೆ ಅಧ್ಯಕ್ಷತೆ ವಹಿಸಿದ ಅಧಿಕಾರಿಗೆ ಯೋಜನೆಯನ್ನು ಒಪ್ಪುವ ಅಥವಾ ತಿರಸ್ಕರಿಸುವ ಅಧಿಕಾರವಿಲ್ಲ. ಆತ ನಡಾವಳಿಯನ್ನು ಮೇಲಕ್ಕೆ ಕಳುಹಿಸುತ್ತಾನೆ. ಎತ್ತಲಾದ ಆಕ್ಷೇಪಣೆಗಳಿಗೆ ಸಮಜಾಯಿಷಿ ಬರೆದು ವರದಿಯನ್ನು ಪರಿಷ್ಕರಿಸಬೇಕಾದವನು ಯೋಜನೆಯ ಪ್ರವರ್ತಕನೇ. ಅಂದರೆ ರೈತ ಪ್ರಶ್ನಿಸಿದ್ದು ಸರ್ಕಾರವನ್ನು, ಉತ್ತರ ಬರೆಯುವುದು ಕಂಪನಿ ಅಥವಾ ನಿಗಮ, ತೀರ್ಮಾನಿಸುವುದು ಆ ಸಭೆಯಲ್ಲಿ ಇರದಿದ್ದ ತಜ್ಞರ ಸಮಿತಿಯ ಶಿಫಾರಸನ್ನು ನೋಡಿದ ಮತ್ತೊಂದು ಪ್ರಾಧಿಕಾರ. ರೈತನಿಗೆ ನೇರವಾಗಿ ಉತ್ತರಿಸುವ ಹೊಣೆ ಇವರಲ್ಲಿ ಯಾರದೂ ಅಲ್ಲ.

ಇಂಥ ಸಭೆಯೊಂದರ ಅಧ್ಯಕ್ಷತೆ ವಹಿಸಿದ್ದಾಗ ನಡೆದದ್ದೊಂದು ನೆನಪಾಗುತ್ತದೆ. ಜಿಲ್ಲೆಯ ಹೆಸರು ಇಲ್ಲಿ ಅನಗತ್ಯ. ಶಾಮಿಯಾನದ ಕೆಳಗೆ ಸುಮಾರು ಐನೂರು ಜನ, ಹೊರಗೆ ಎರಡು ಪೊಲೀಸ್ ವ್ಯಾನು. ಸರದಿ ಬಂದಾಗ ಮೈಕಿನ ಮುಂದೆ ನಿಂತ ವಯಸ್ಸಾದ ಹೆಂಗಸೊಬ್ಬರು ಯೋಜನೆಯ ಬಗ್ಗೆ ಒಂದು ಮಾತನ್ನೂ ಆಡದೆ ನೇರವಾಗಿ ನನ್ನನ್ನೇ ಕೇಳಿದರು: ‘ಸ್ವಾಮಿ, ಬೇಕು ಬೇಡ ಅನ್ನೋರು ನೀವೇನಾ?’ ಅಲ್ಲವಮ್ಮಾ, ನೀವು ಹೇಳಿದ್ದನ್ನೆಲ್ಲ ಬರೆದುಕೊಂಡು ದೆಹಲಿಗೆ ಕಳುಹಿಸುತ್ತೇವೆ ಎಂದೆ. ‘ಅಲ್ಲಿ ಕನ್ನಡ ಓದೋರು ಇದಾರಾ?’ ಎಂದರು ಆಕೆ. ಸಭೆ ನಕ್ಕಿತು. ಆಕೆ ನಗಲಿಲ್ಲ. ಇಂಗ್ಲಿಷಿಗೆ ಅನುವಾದ ಮಾಡಿಸಿ ಕಳುಹಿಸುತ್ತೇವೆ ಎಂಬ ಉತ್ತರ ಕೇಳಿ, ‘ಹಂಗಾದ್ರೆ ಇಷ್ಟು ಜನ ಬಂದಿದ್ವಿ ಅಂತಾನಾದ್ರೂ ಬರೀರಿ’ ಎಂದು ಹೇಳಿ ಹೋಗಿ ಕುಳಿತರು. ಹಾಗೆಯೇ ಬರೆಸಿದೆ. ಆ ಐನೂರು ಜನರ ಪೈಕಿ ಯಾರಿಗೂ ಅವರ ಮಾತಿಗೆ ಏನಾಯಿತೆಂದು ಯಾವ ಕಚೇರಿಯಿಂದಲೂ ಒಂದು ಕಾಗದ ಹೋಗಲಿಲ್ಲ. ಹೋಗಬೇಕೆಂಬ ನಿಯಮವೂ ಇರಲಿಲ್ಲ.

ಆ ಅಜ್ಜಿಯ ಮೊದಲ ಪ್ರಶ್ನೆ ನಮ್ಮ ನ್ಯಾಯಶಾಸ್ತ್ರದಲ್ಲಿ ಹಳೆಯದು. ಗುಲ್ಲಾಪಲ್ಲಿ ನಾಗೇಶ್ವರ ರಾವ್ ಪ್ರಕರಣದಲ್ಲಿ ಆಂಧ್ರಪ್ರದೇಶದ ಬಸ್ ಮಾರ್ಗಗಳ ರಾಷ್ಟ್ರೀಕರಣದ ವಿರುದ್ಧದ ಆಕ್ಷೇಪಣೆಗಳನ್ನು ಆಲಿಸಿದವರು ಇಲಾಖೆಯ ಕಾರ್ಯದರ್ಶಿ, ಆದೇಶ ಮಾಡಿದವರು ಮುಖ್ಯಮಂತ್ರಿ. ಒಬ್ಬರು ಕೇಳಿ ಇನ್ನೊಬ್ಬರು ತೀರ್ಮಾನಿಸುವುದಾದರೆ ಖುದ್ದು ವಿಚಾರಣೆ ಎಂಬುದು ಪೊಳ್ಳು ಆಚರಣೆಯಾಗುತ್ತದೆಂದು ಸುಪ್ರೀಂ ಕೋರ್ಟ್ 1950ರ ದಶಕದಲ್ಲೇ ಹೇಳಿ ಆ ಆದೇಶವನ್ನು ರದ್ದುಪಡಿಸಿತು. ಮಾತು ಬರಿಯ ಮಾಹಿತಿಯಾಗಿದ್ದರೆ ಅದನ್ನು ಬರೆದು ಕಳುಹಿಸಬಹುದಿತ್ತು. ಹೇಳುವವನ ಮುಖ, ತಡವರಿಕೆ, ಮರುಪ್ರಶ್ನೆಗೆ ಅವನು ಕೊಡುವ ಉತ್ತರ ಇವೆಲ್ಲ ಸೇರಿ ಕೇಳುವವನ ಮನಸ್ಸನ್ನು ಬದಲಿಸುವ ಸಾಧ್ಯತೆ ಇದೆಯಲ್ಲ, ಖುದ್ದು ವಿಚಾರಣೆಯ ಸಾರ್ಥಕ್ಯ ಇರುವುದು ಅಲ್ಲಿ. ಬದಲಾಗಲು ಅಧಿಕಾರವಿಲ್ಲದ ಮನಸ್ಸಿನ ಮುಂದೆ ಜನರನ್ನು ನಿಲ್ಲಿಸುವುದು ಅವರ ಸಮಯಕ್ಕೂ ಘನತೆಗೂ ಮಾಡುವ ಅಪಚಾರ.

ದೇವನಹಳ್ಳಿಯಲ್ಲಿಯೂ ಇದೇ ಕಾಣುತ್ತದೆ. 2025ರ ಜುಲೈ 4ರಂದು ಮುಖ್ಯಮಂತ್ರಿಯವರು ಹೋರಾಟಗಾರರೊಡನೆ ಸಭೆ ನಡೆಸಿ ಹತ್ತು ದಿನಗಳ ಕಾಲಾವಕಾಶ ಕೇಳಿದರು. ಹನ್ನೊಂದನೆಯ ದಿನ ತೀರ್ಮಾನ ಬಂತು. ತೀರ್ಮಾನಿಸುವ ಅಧಿಕಾರವುಳ್ಳವರು ಎದುರಿಗೆ ಕುಳಿತಾಗ ಹಿಡಿದ ಕಾಲ ಅಷ್ಟೇ. ಆದರೆ ಪ್ರಕಟಣೆಯೊಂದೇ ಉತ್ತರವಲ್ಲ. ಸ್ವಇಚ್ಛೆಯಿಂದ ಜಮೀನು ಕೊಡುವವರಿಂದ ಕೊಳ್ಳುವುದಾಗಿಯೂ ಸರ್ಕಾರ ಅದೇ ಉಸಿರಿನಲ್ಲಿ ಹೇಳಿತು. ರೈತರ ಯಾವ ವಾದ ಒಪ್ಪಿತವಾಯಿತು, ಯಾವುದು ಆಗಲಿಲ್ಲ, ಇದೇ ತರ್ಕ ಬೇರೆ ತಾಲ್ಲೂಕಿನ ಸ್ವಾಧೀನಕ್ಕೂ ಅನ್ವಯಿಸುವುದೇ ಎಂಬುದನ್ನು ಸ್ಪಷ್ಟಪಡಿಸದಿದ್ದರೆ ಮುಂದಿನ ಹೋಬಳಿಯ ರೈತರಿಗೆ ಸಿಗುವ ಪಾಠ ಒಂದೇ: ಅರ್ಜಿಯಿಂದ ಏನೂ ಆಗುವುದಿಲ್ಲ, ಸಾವಿರ ದಿನ ಕೂರಬೇಕು.

ಭಾಷೆಯ ವಿಷಯ ಪ್ರತ್ಯೇಕವಾಗಿ ಹೇಳಬೇಕು. 2020ರಲ್ಲಿ ಕೇಂದ್ರ ಸರ್ಕಾರ ಪರಿಸರ ಪರಿಣಾಮ ಅಧ್ಯಯನದ ಹೊಸ ಕರಡು ಅಧಿಸೂಚನೆಯನ್ನು ಕೋವಿಡ್ ಲಾಕ್‌ಡೌನ್ ನಡುವೆ ಪ್ರಕಟಿಸಿ ಆಕ್ಷೇಪಣೆ ಆಹ್ವಾನಿಸಿತು. ಅದರಲ್ಲಿ ಸಾರ್ವಜನಿಕ ಅಹವಾಲಿಗೆ ಇದ್ದ ಮೂವತ್ತು ದಿನಗಳ ಗಡುವನ್ನು ಇಪ್ಪತ್ತಕ್ಕೆ ಇಳಿಸುವ ಪ್ರಸ್ತಾವವೂ ಇತ್ತು. ಕರಡನ್ನು ಎಂಟನೆಯ ಪರಿಚ್ಛೇದದ 22 ಭಾಷೆಗಳಿಗೆ ಅನುವಾದಿಸಿ ಪ್ರಕಟಿಸಬೇಕೆಂದು ದೆಹಲಿ ಹೈಕೋರ್ಟ್ ಆ ವರ್ಷದ ಜೂನ್ 30ರಂದು ಆದೇಶಿಸಿತು. ಸರ್ಕಾರ ಅನುವಾದ ಮಾಡಿಸುವ ಬದಲು ಸುಪ್ರೀಂ ಕೋರ್ಟಿನ ಮೆಟ್ಟಿಲೇರಿತು. ಕೆಲವು ನೂರು ಪುಟಗಳ ಅನುವಾದಕ್ಕೆ ತಗಲುವ ವೆಚ್ಚಕ್ಕಿಂತ ವಕೀಲರ ಶುಲ್ಕವೇ ಹೆಚ್ಚಾಗಿರಬಹುದು, ಅದು ಹಾಗಿರಲಿ. ‘ನಿನ್ನ ಅಭಿಪ್ರಾಯ ತಿಳಿಸು’ ಎಂದು ಒಬ್ಬನಿಗೆ ಅರ್ಥವಾಗದ ಭಾಷೆಯಲ್ಲಿ ಕೇಳುವುದು ಎಂಥ ಸಂವಾದ? ಇಂದಿಗೂ ಅಹವಾಲು ಸಭೆಗೆ ಮುನ್ನ ಗ್ರಾಮಸ್ಥರ ಕೈಗೆ ಕನ್ನಡದಲ್ಲಿ ಸಿಗುವುದು ವರದಿಯ ಸಾರಾಂಶ. ಎಲ್ಲ ವಿವರವಿರುವ, ನೂರಾರು ಪುಟಗಳ ಮೂಲ ವರದಿ ಇಂಗ್ಲಿಷಿನಲ್ಲಿರುತ್ತದೆ.

ಸಂವಾದ ಮುರಿದುಬೀಳುವ ಬಗೆಯನ್ನು ಅಭ್ಯಾಸ ಮಾಡುವವರಿಗೆ 2020–21ರ ಕೃಷಿ ಕಾಯ್ದೆಗಳ ಪ್ರಕರಣಕ್ಕಿಂತ ಒಳ್ಳೆಯ ಪಾಠ ಇನ್ನೊಂದಿಲ್ಲ. ಮಸೂದೆಗಳ ಕರಡನ್ನು ಕನಿಷ್ಠ ಮೂವತ್ತು ದಿನ ಸಾರ್ವಜನಿಕರ ಮುಂದಿಡಬೇಕು, ಬಂದ ಅಭಿಪ್ರಾಯಗಳ ಸಾರಾಂಶವನ್ನು ಪ್ರಕಟಿಸಬೇಕು ಎಂಬ ನೀತಿಯನ್ನು ಕೇಂದ್ರವೇ 2014ರಲ್ಲಿ ಅಂಗೀಕರಿಸಿತ್ತು. ಆದರೆ 2020ರ ಜೂನ್‌ನಲ್ಲಿ ಈ ಮೂರೂ ನೇರವಾಗಿ ಸುಗ್ರೀವಾಜ್ಞೆಗಳಾಗಿ ಬಂದವು; ಸೆಪ್ಟೆಂಬರ್‌ನಲ್ಲಿ ರಾಜ್ಯಸಭೆಯ ಗದ್ದಲದ ನಡುವೆ ಧ್ವನಿಮತದಿಂದ ಅಂಗೀಕಾರ ಪಡೆದವು. ಮಾತುಕತೆ ಆರಂಭವಾದದ್ದು ಎಲ್ಲ ಮುಗಿದ ಮೇಲೆ. ಅಕ್ಟೋಬರ್ 14ರ ಮೊದಲ ಸಭೆಗೆ ಸಚಿವರು ಬರಲಿಲ್ಲ, ಕಾರ್ಯದರ್ಶಿ ಬಂದಿದ್ದರು. ರೈತ ಮುಖಂಡರು ಹೊರನಡೆದರು. ಗುಲ್ಲಾಪಲ್ಲಿ ಪ್ರಕರಣವನ್ನು ಅವರು ಓದಿರಬೇಕಾಗಿರಲಿಲ್ಲ; ಅಧಿಕಾರವಿಲ್ಲದವರೊಡನೆ ಮಾತಾಡಿ ಫಲವಿಲ್ಲವೆಂಬುದು ಮಂಡಿಯಲ್ಲಿ ವ್ಯವಹಾರ ಮಾಡಿದವರಿಗೆಲ್ಲ ಗೊತ್ತು.

ಆಮೇಲೆ ಜನವರಿ 22ರವರೆಗೆ ಒಟ್ಟು ಹನ್ನೊಂದು ಸುತ್ತು ಮಾತುಕತೆ ನಡೆಯಿತು. ಡಿಸೆಂಬರ್ 5ರ ಸುತ್ತಿನಲ್ಲಿ ಮುಖಂಡರು ‘ಹೌದೋ ಅಲ್ಲವೋ’ ಎಂಬ ಫಲಕ ಹಿಡಿದು ಮೌನವಾಗಿ ಕುಳಿತರು. ವಿಜ್ಞಾನ ಭವನದಲ್ಲಿ ಸರ್ಕಾರದ ಊಟ ಬೇಡವೆಂದು ಲಂಗರಿನಿಂದ ತರಿಸಿಕೊಂಡು ಉಂಡರು. ಡಿಸೆಂಬರ್ 30ರಂದು ಸಚಿವರೇ ಬಂದು ಆ ಲಂಗರಿನ ಊಟದಲ್ಲಿ ಪಾಲುಗೊಂಡರು. ಮೌನವೂ ಒಂದು ಸಂವಹನವೇ, ಸಹಭೋಜನವೂ ಹೌದು. ಆದರೆ ಈ ಫಲಕದ ಬಗ್ಗೆ ನನಗೆ ಪೂರ್ತಿ ಸಹಾನುಭೂತಿ ಇಲ್ಲ. ಹೌದು-ಅಲ್ಲ ಎಂಬುದಷ್ಟೇ ಉತ್ತರವಾಗಬೇಕೆಂದು ಹಟ ಹಿಡಿದವನು ತಾನೂ ಬದಲಾಗಲು ಸಿದ್ಧನಿಲ್ಲವೆಂದು ಸಾರಿದಂತಾಯಿತು. ಜನವರಿ 20ರಂದು ಸರ್ಕಾರ ಕಾಯ್ದೆಗಳನ್ನು ಹದಿನೆಂಟು ತಿಂಗಳು ಅಮಾನತಿನಲ್ಲಿಡುವ ಪ್ರಸ್ತಾವ ಮುಂದಿಟ್ಟಾಗ ಅದನ್ನು ತಿರಸ್ಕರಿಸಿದ್ದೂ ಅದೇ ಧೋರಣೆ. ಹಾಗಿದ್ದರೂ ಆ ಹಟವನ್ನು ಹುಟ್ಟಿಸಿದವರು ಯಾರು? ನಾಲ್ಕು ತಿಂಗಳು ಮೊದಲು, ಕರಡು ಇನ್ನೂ ಕರಡಾಗಿದ್ದಾಗ, ಒಂದು ಪ್ರಶ್ನೆಯನ್ನೂ ಕೇಳದವರು ಕಾಯ್ದೆಯಾದ ಮೇಲೆ ‘ಕಲಮುವಾರು ಚರ್ಚಿಸೋಣ ಬನ್ನಿ’ ಎಂದರೆ ನಂಬುವುದು ಕಷ್ಟ. ವಿಪರ್ಯಾಸವೆಂದರೆ 2021ರ ನವೆಂಬರ್ 29ರಂದು ಲೋಕಸಭೆ ಆ ಕಾಯ್ದೆಗಳನ್ನು ಹಿಂಪಡೆದದ್ದೂ ಚರ್ಚೆಯಿಲ್ಲದೆ, ಕೆಲವೇ ನಿಮಿಷಗಳಲ್ಲಿ. ಭಾರತದ ಕೃಷಿ ಮಾರುಕಟ್ಟೆಗೆ ಸುಧಾರಣೆ ಬೇಕೇ, ಬೇಕಾದರೆ ಎಂಥದು ಎಂಬ ಪ್ರಶ್ನೆ, ಅರ್ಥಶಾಸ್ತ್ರದ ವಿದ್ಯಾರ್ಥಿಯಾಗಿ ನನಗೆ ಅತ್ಯಂತ ಮುಖ್ಯವೆನಿಸುವ ಪ್ರಶ್ನೆ, ಎರಡೂ ಸಲ ಉತ್ತರವಿಲ್ಲದೆ ಉಳಿಯಿತು.

ಅರ್ಥಶಾಸ್ತ್ರದ ಪ್ರಸ್ತಾಪ ಬಂದಿರುವುದರಿಂದ ಎರಡು ಪರಿಕಲ್ಪನೆಗಳನ್ನು ಇಲ್ಲಿ ತರಬಯಸುತ್ತೇನೆ. ಕ್ರಾಫರ್ಡ್ ಮತ್ತು ಸೋಬೆಲ್ ಎಂಬ ಇಬ್ಬರು ಅರ್ಥಶಾಸ್ತ್ರಜ್ಞರು 1982ರಲ್ಲಿ ಪ್ರಕಟಿಸಿದ ಪ್ರಬಂಧದ ನಂತರ ‘ಅಗ್ಗದ ಮಾತು’ ಎಂಬ ವಿಶ್ಲೇಷಣೆ ಪ್ರಚಲಿತವಾಯಿತು. ಆಡಿದ್ದಕ್ಕೆ ಆಡಿದವನು ಏನನ್ನೂ ತೆರಬೇಕಾಗಿಲ್ಲದಿದ್ದರೆ, ಆಡುವವನ ಮತ್ತು ಕೇಳುವವನ ಹಿತಾಸಕ್ತಿಗಳು ದೂರವಾದಷ್ಟೂ ಮಾತಿನಲ್ಲಿರುವ ಮಾಹಿತಿ ಕಡಿಮೆಯಾಗುತ್ತ ಹೋಗುತ್ತದೆ ಎಂಬುದು ಅದರ ತಿರುಳು. ಶರಾವತಿ ಕಣಿವೆಯ ಜನರಿಗೆ ಇದನ್ನು ಗಣಿತದಲ್ಲಿ ವಿವರಿಸುವ ಅಗತ್ಯವಿಲ್ಲ. 1964ರಲ್ಲಿ ಪೂರ್ಣಗೊಂಡ ಲಿಂಗನಮಕ್ಕಿ ಅಣೆಕಟ್ಟಿಗಾಗಿ ಮನೆಮಠ ಬಿಟ್ಟವರ ಮಕ್ಕಳು, ಮೊಮ್ಮಕ್ಕಳು ಜಮೀನಿನ ಹಕ್ಕುಪತ್ರಕ್ಕಾಗಿ ದಶಕಗಟ್ಟಲೆ ಕಚೇರಿ ಅಲೆದಿದ್ದಾರೆ. ಅದೇ ಕಣಿವೆಯಲ್ಲಿ 2,000 ಮೆಗಾವಾಟ್ ಸಾಮರ್ಥ್ಯದ ಪಂಪ್ಡ್ ಸ್ಟೋರೇಜ್ ಯೋಜನೆಗಾಗಿ 2025ರ ಸೆಪ್ಟೆಂಬರ್‌ನಲ್ಲಿ ಶಿವಮೊಗ್ಗ ಮತ್ತು ಉತ್ತರ ಕನ್ನಡ ಜಿಲ್ಲೆಗಳಲ್ಲಿ ಅಹವಾಲು ಸಭೆ ನಡೆದಾಗ ತೀವ್ರ ವಿರೋಧ ಬಂತು. ಇದನ್ನು ‘ಅಭಿವೃದ್ಧಿ ವಿರೋಧಿ ಮನೋಭಾವ’ ಎಂದು ಷರಾ ಬರೆಯುವುದು ಸುಲಭ. ಸೌರ ಮತ್ತು ಪವನ ವಿದ್ಯುತ್ತು ಹೆಚ್ಚಿದಂತೆ ಅದನ್ನು ಶೇಖರಿಸಿಡುವ ವ್ಯವಸ್ಥೆ ಬೇಕೆಂಬ ವಾದ ನನಗೂ ಸರಿಯೆನಿಸುತ್ತದೆ. ಆದರೆ ಮೊದಲ ಸಾಲ ತೀರಿಸದವನು ಎರಡನೆಯ ಸಲ ಕೈಚಾಚಿದಾಗ ಅವನ ಲೆಕ್ಕಪತ್ರ ಎಷ್ಟೇ ಚೆನ್ನಾಗಿದ್ದರೂ ಯಾರೂ ತೆರೆದು ನೋಡುವುದಿಲ್ಲ.

ಎರಡನೆಯದು ಆಲ್ಬರ್ಟ್ ಹಿರ್ಷ್‌ಮನ್ 1970ರ ತಮ್ಮ ಗ್ರಂಥದಲ್ಲಿ ಮಂಡಿಸಿದ ಭೇದ. ಒಂದು ಸಂಸ್ಥೆ ಕೆಟ್ಟಾಗ ಅದರ ಫಲಾನುಭವಿಗೆ ಇರುವ ದಾರಿ ಎರಡು: ಬಿಟ್ಟು ಹೋಗುವುದು, ಇಲ್ಲವೇ ದನಿ ಎತ್ತುವುದು. ಜಮೀನನ್ನೇ ನಂಬಿದ ರೈತನಿಗೆ ಬಿಟ್ಟು ಹೋಗುವ ದಾರಿ ಇಲ್ಲ. ಅವನಿಗಿರುವುದು ದನಿ ಮಾತ್ರ. ಬೆಂಗಳೂರಿನ ಮಧ್ಯಮ ವರ್ಗದ ನಮ್ಮ ಸ್ಥಿತಿ ಹಾಗಲ್ಲ. ಕಾವೇರಿ ನೀರು ಬರದಿದ್ದರೆ ಟ್ಯಾಂಕರ್ ತರಿಸುತ್ತೇವೆ, ಸರ್ಕಾರಿ ಶಾಲೆ ಕೆಟ್ಟರೆ ಖಾಸಗಿ ಶಾಲೆಗೆ ಸೇರಿಸುತ್ತೇವೆ. ಬಿಟ್ಟು ಹೋಗುವ ಅನುಕೂಲ ಹೆಚ್ಚಾದಂತೆ ದನಿಯ ಅಭ್ಯಾಸ ತಪ್ಪಿಹೋಯಿತು. 2020ರ ಸೆಪ್ಟೆಂಬರ್‌ನಲ್ಲಿ ಮಹಾನಗರ ಪಾಲಿಕೆಯ ಅವಧಿ ಮುಗಿದ ಮೇಲೆ ವರ್ಷಗಟ್ಟಲೆ ಒಬ್ಬ ಚುನಾಯಿತ ಸದಸ್ಯನೂ ಇಲ್ಲದೆ ನಗರ ನಡೆದರೂ ನಮ್ಮ ಬಡಾವಣೆಗಳಲ್ಲಿ ಅದೊಂದು ದೊಡ್ಡ ವಿಷಯವೇ ಆಗಲಿಲ್ಲ. ಅಪವಾದಗಳಿವೆ. ಬಸವೇಶ್ವರ ವೃತ್ತದಿಂದ ಹೆಬ್ಬಾಳದವರೆಗಿನ ಉಕ್ಕಿನ ಮೇಲ್ಸೇತುವೆಯ ವಿರುದ್ಧ 2016ರ ಅಕ್ಟೋಬರ್‌ನಲ್ಲಿ ಸಾವಿರಾರು ಜನ ಮಾನವ ಸರಪಳಿ ನಿರ್ಮಿಸಿದರು, 2017ರ ಮಾರ್ಚ್‌ನಲ್ಲಿ ಯೋಜನೆ ರದ್ದಾಯಿತು. ಆದರೆ ಅಲ್ಲಿಯೂ ಆಗಿದ್ದು ರದ್ದತಿಯೇ ಹೊರತು ಸಂವಾದವಲ್ಲ. ಹಾಗಾಗಿಯೇ ಹೆಬ್ಬಾಳದಿಂದ ಸಿಲ್ಕ್ ಬೋರ್ಡ್‌ವರೆಗಿನ ಸುರಂಗ ರಸ್ತೆಯ ಪ್ರಸ್ತಾವ ಬಂದಾಗ 2016ರ ಪ್ರಶ್ನೆಗಳನ್ನೇ, ಅಂದರೆ ಕಾರಿಗೆ ರಸ್ತೆಯೋ ಜನರಿಗೆ ಸಾರಿಗೆಯೋ ಎಂಬುದನ್ನು, ಮತ್ತೆ ಮೊದಲಿನಿಂದ ಕೇಳಬೇಕಾಯಿತು.

ಅಧಿಕಾರಿಯ ಪಕ್ಷವನ್ನೂ ಹೇಳದಿದ್ದರೆ ನ್ಯಾಯವಾಗದು. ಅಹವಾಲು ಸಭೆಗೆ ಬರುವವರೆಲ್ಲ ಸಂತ್ರಸ್ತರಲ್ಲ. ಗುತ್ತಿಗೆದಾರರು ಲಾರಿಯಲ್ಲಿ ಕರೆತಂದ ಸಮರ್ಥಕರಿರುತ್ತಾರೆ, ಪ್ರತಿಸ್ಪರ್ಧಿ ಕಂಪನಿ ಕಳುಹಿಸಿದ ವಿರೋಧಿಗಳೂ ಇರುತ್ತಾರೆ. ಮೈಕು ಹಿಡಿದು ಗಂಟೆಗಟ್ಟಲೆ ಮಾತಾಡುವವನಿಂದಾಗಿ ಮೂಲೆಯಲ್ಲಿ ನಿಂತ ಕೂಲಿಯಾಳಿನ ಸರದಿ ಬರುವುದೇ ಇಲ್ಲ. ಜರ್ಮನಿಯ ಚಿಂತಕ ಹೇಬರ್ಮಾಸ್ 1981ರ ತಮ್ಮ ಬೃಹತ್ ಗ್ರಂಥದಲ್ಲಿ ಸಂವಾದದಲ್ಲಿ ಒಳ್ಳೆಯ ವಾದದ ಬಲವೊಂದನ್ನು ಬಿಟ್ಟು ಬೇರಾವ ಬಲವೂ ಕೆಲಸ ಮಾಡಬಾರದೆಂಬ ಆದರ್ಶವನ್ನು ಮುಂದಿಟ್ಟರು. ಜಾತಿ, ಹಣ, ಲಿಂಗ ಮೂರೂ ಮುಂದಿನ ಸಾಲಿನ ಕುರ್ಚಿ ಹಿಡಿದಿರುವ ನಮ್ಮ ಸಭೆಗಳಲ್ಲಿ ಕುಳಿತವನಿಗೆ ಈ ಆದರ್ಶ ಬಹಳ ದೂರದ್ದೆನಿಸುತ್ತದೆ. ಎಲ್ಲ ಆಕ್ಷೇಪಣೆಗಳನ್ನೂ ಒಪ್ಪಬೇಕೆಂದು ನಾನು ಹೇಳುತ್ತಿಲ್ಲ. ಹಾಗೆ ಒಪ್ಪಿದ್ದರೆ ಕೃಷ್ಣರಾಜಸಾಗರವೂ ಆಗುತ್ತಿರಲಿಲ್ಲ. ಕೇಳುವುದೆಂದರೆ ಮಣಿಯುವುದಲ್ಲ. ಒಪ್ಪದಿರಲು ಕಾರಣವನ್ನು, ಆಕ್ಷೇಪಿಸಿದವನಿಗೆ ಅರ್ಥವಾಗುವ ಭಾಷೆಯಲ್ಲಿ, ಅವನ ಕೈಗೆ ಕೊಡುವುದು. ಇನ್ನೊಂದು ತುದಿಯ ಉದಾಹರಣೆಯೂ ಇದೆ. ಒಡಿಶಾದ ನಿಯಮಗಿರಿಯಲ್ಲಿ 2013ರ ಏಪ್ರಿಲ್‌ನ ಸುಪ್ರೀಂ ಕೋರ್ಟ್ ತೀರ್ಪಿನಂತೆ ಹನ್ನೆರಡು ಗ್ರಾಮಸಭೆಗಳು ಜಿಲ್ಲಾ ನ್ಯಾಯಾಧೀಶರ ಸಮಕ್ಷಮದಲ್ಲಿ ಸೇರಿ, ಬಾಕ್ಸೈಟ್ ಗಣಿಗಾರಿಕೆ ಬೇಡವೆಂದು ಒಂದೊಂದಾಗಿ ನಿರ್ಣಯಿಸಿದವು; ಆ ಮಾತಿಗೆ ಬೆಲೆ ಸಿಕ್ಕಿತು. ಎಲ್ಲ ಕಡೆಯೂ ಅದೇ ವಿಧಾನ ಸಾಧ್ಯವೆಂದಲ್ಲ. ಗ್ರಾಮಸಭೆಗೆ ಅಂತಿಮ ತೀರ್ಮಾನ ಬಿಡುವುದಕ್ಕೂ ಯಾರಿಗೂ ಉತ್ತರ ಕೊಡದಿರುವುದಕ್ಕೂ ನಡುವೆ ಸಾಕಷ್ಟು ಜಾಗವಿದೆ.

ಈ ನಡುವಿನ ಜಾಗಕ್ಕೆ ಹೊಸ ಕಾನೂನು ಬೇಕಿಲ್ಲ. ಮಾಹಿತಿ ಹಕ್ಕು ಅಧಿನಿಯಮ 2005ರ 4ನೆಯ ಪ್ರಕರಣದ (1)(ಡಿ) ಖಂಡದಲ್ಲಿ, ತನ್ನ ಆಡಳಿತಾತ್ಮಕ ತೀರ್ಮಾನಗಳಿಗೆ ಕಾರಣಗಳನ್ನು ಬಾಧಿತರಿಗೆ ಒದಗಿಸುವುದು ಪ್ರತಿಯೊಂದು ಸಾರ್ವಜನಿಕ ಪ್ರಾಧಿಕಾರದ ಕರ್ತವ್ಯ ಎಂದಿದೆ. ಯಾರೂ ಅರ್ಜಿ ಹಾಕದಿದ್ದರೂ, ತಾನಾಗಿಯೇ. ಅದರ ಹಿಂದಿನ ಖಂಡ ಮುಖ್ಯ ನೀತಿಗಳನ್ನು ರೂಪಿಸುವಾಗ ಸಂಬಂಧಿಸಿದ ಎಲ್ಲ ಸಂಗತಿಗಳನ್ನು ಪ್ರಕಟಿಸಬೇಕೆನ್ನುತ್ತದೆ. ಹತ್ತು ರೂಪಾಯಿ ಶುಲ್ಕದ ಅರ್ಜಿಗಳ ಗಲಾಟೆಯಲ್ಲಿ ಈ ಎರಡು ಖಂಡಗಳು ಯಾರ ಗಮನಕ್ಕೂ ಬಾರದೆ ಮೂಲೆಗೆ ಬಿದ್ದಿವೆ. ನಮ್ಮ ರಾಜ್ಯದ ಸಕಾಲ ಕಾಯ್ದೆ 2011ರಲ್ಲಿ ಬಂತು. ಜಾತಿ ಪ್ರಮಾಣಪತ್ರ ಇಷ್ಟು ದಿನದಲ್ಲಿ, ಖಾತೆ ಬದಲಾವಣೆ ಇಷ್ಟು ದಿನದಲ್ಲಿ ಎಂದು ಗಡುವು ಹಾಕಿತು. ಅದೇ ಮಾದರಿಯಲ್ಲಿ ಸಾರ್ವಜನಿಕ ಆಕ್ಷೇಪಣೆಗೆ ಉತ್ತರವನ್ನೂ ಒಂದು ಸೇವೆಯೆಂದು ಏಕೆ ಪರಿಗಣಿಸಬಾರದು? ಅರ್ಜಿಗೆ ಹಿಂಬರಹ ಕೊಡುವ ಪದ್ಧತಿ ನಮ್ಮ ಕಚೇರಿಗಳಲ್ಲಿ ಮೊದಲಿನಿಂದಲೂ ಇದೆ. ಕಷ್ಟವಿರುವುದು ‘ನಿಯಮಾನುಸಾರ ಪರಿಶೀಲಿಸಲಾಗುವುದು’ ಎಂಬ ಒಂದೇ ವಾಕ್ಯ ಎಲ್ಲ ಹಿಂಬರಹಗಳಿಗೂ ಸಾಲುತ್ತದೆಂಬ ರೂಢಿಯಲ್ಲಿ.

ಇದರಿಂದ ವಿಳಂಬವಾಗುತ್ತದೆ, ಸಾವಿರಾರು ಆಕ್ಷೇಪಣೆಗಳಿಗೆ ಉತ್ತರ ಬರೆಯುವ ಸಿಬ್ಬಂದಿ ಎಲ್ಲಿದ್ದಾರೆ ಎಂದು ನನ್ನ ಹಿಂದಿನ ಸಹೋದ್ಯೋಗಿಗಳು ಕೇಳುತ್ತಾರೆ. ಸಾವಿರ ಆಕ್ಷೇಪಣೆಗಳನ್ನು ಜೋಡಿಸಿ ನೋಡಿದರೆ ಪ್ರತ್ಯೇಕ ಅಂಶಗಳು ಮೂವತ್ತೋ ನಲವತ್ತೋ ಇರುತ್ತವೆ ಎಂಬುದು ಇಂಥ ನಡಾವಳಿಗಳನ್ನು ಸಿದ್ಧಪಡಿಸಿದವರಿಗೆ ಗೊತ್ತಿರುವ ವಿಷಯ. ಒಂದೊಂದಕ್ಕೂ ಅರ್ಧ ಪುಟ ಸಾಕು. ಸಂವಿಧಾನ ಸಭೆಯೇ ಕರಡು ಸಂವಿಧಾನಕ್ಕೆ ಬಂದ 7,635 ತಿದ್ದುಪಡಿ ಸೂಚನೆಗಳ ಪೈಕಿ 2,473ನ್ನು ಸದನದಲ್ಲಿ ಕೈಗೆತ್ತಿಕೊಂಡು ತೀರ್ಮಾನಿಸಿತು, ಅದೂ ಕಂಪ್ಯೂಟರ್ ಇಲ್ಲದ ಕಾಲದಲ್ಲಿ. ಶರಾವತಿ ಸಭೆಗಳ ನಡಾವಳಿಯಿಂದಲೇ ಇದನ್ನು ಆರಂಭಿಸಬಹುದು. ಆಕ್ಷೇಪಣೆ ಏನು, ಒಪ್ಪಲಾಗಿದೆಯೇ, ಇಲ್ಲವಾದರೆ ಕಾರಣವೇನು, ತೀರ್ಮಾನಿಸಿದ ಅಧಿಕಾರಿಯ ಪದನಾಮ ಏನು ಎಂಬ ನಾಲ್ಕು ಕಾಲಂಗಳ ಒಂದು ತಖ್ತೆ ಕನ್ನಡದಲ್ಲಿ ಸಿದ್ಧವಾಗಿ, ಸಾಗರ ಮತ್ತು ಹೊನ್ನಾವರ ತಾಲ್ಲೂಕುಗಳ ಸಂಬಂಧಪಟ್ಟ ಗ್ರಾಮ ಪಂಚಾಯಿತಿಗಳ ಸೂಚನಾ ಫಲಕದ ಮೇಲೆ ಅಂಟಿಸಬೇಕು. ಮೊದಲ ಸಾಲಿನಲ್ಲಿ ಲಿಂಗನಮಕ್ಕಿ ಸಂತ್ರಸ್ತರ ಹಕ್ಕುಪತ್ರದ ವಿಷಯ ಇರಲಿ.